ಮೊದಲು ಯಾರು ಮಾತಾಡಬೇಕು

ಜನವರಿ 14, 1969

ಚೂಟಿ,

ಈ ಕಾಗದ ನಿನ್ನ ಕೈ ಸೇರುವಷ್ಟರಲ್ಲಿ ಕೋರ್ಟಿನ ಸಮನ್ಸೂ ಬಂದಿರಬಹುದು. ನಿಂತುಕೊಂಡು ಓದುತ್ತಿದ್ದರೆ ಮೊದಲು ಕೂತುಕೋ. ನಿನ್ನ ಭಾವ ತಮ್ಮನ ಮೇಲೆ ಪಾಲಿನ ದಾವೆ ಹಾಕಿದ್ದಾರೆ. ವಕೀಲರು ನಮ್ಮ ಮನೆಯಲ್ಲೇ ಕೂತು ಬರೆದರು. ಚಹಾ ಮಾಡಿಕೊಟ್ಟವಳು ನಾನೇ. ಎರಡನೆಯ ಸಲ ಕೇಳಿದಾಗ ಸಕ್ಕರೆ ಮುಗಿದಿದೆ ಎಂದೆ. ನನ್ನ ಕೈಲಾದದ್ದು ಅಷ್ಟೇ.

ಮಾವನವರು ಒಂದು ಸಾಲೂ ಬರೆದಿಡದೆ ಹೋಗಿಬಿಟ್ಟರು. ಹಗ್ಗ ಹೊಸೆಯುವ ಶೆಡ್ಡು ನಿಮ್ಮೂರಲ್ಲಿ, ಹಗ್ಗ ಮಾರುವ ಅಂಗಡಿ ಇಲ್ಲಿ ಬಂದರಿನ ಬೀದಿಯಲ್ಲಿ, ಎರಡೂ ಅವರ ಹೆಸರಿನಲ್ಲಿ. ಅವರಿದ್ದಷ್ಟು ದಿನ ಮೈದುನ ಹೊಸೆದ, ಇವರು ಮಾರಿದರು, ಯಾರಿಗೂ ಲೆಕ್ಕದ ನೆನಪೇ ಬರಲಿಲ್ಲ. ಹೋದ ವರ್ಷ ಇವರು ‘ಶೆಡ್ಡಿನಲ್ಲಿ ನನ್ನ ಪಾಲು ಎಷ್ಟೋ?’ ಎಂದು ಕೇಳಿದರಂತೆ. ನಿನ್ನ ಗಂಡ ‘ಅಂಗಡೀಲಿ ನಂದೆಷ್ಟೋ ಅಷ್ಟು’ ಅಂದನಂತೆ. ಅವನು ತಮಾಷೆಗೆ ಅಂದನೋ ಏನೋ. ಇವರಿಗೆ ಹುಟ್ಟಿದಾಗಿನಿಂದ ತಮಾಷೆ ಅರ್ಥವಾಗುವುದಿಲ್ಲ ಎಂಬುದು ನಿನಗೂ ಗೊತ್ತು.

‘ಆ ಮನೆಗೂ ನಮಗೂ ಇನ್ನು ಮಾತಿಲ್ಲ, ನಿಂಗೂ ಹೇಳಿದೀನಿ’ ಎಂದು ಅಪ್ಪಣೆಯಾಗಿದೆ. ಮಾತಿಲ್ಲ ಅಂದರು, ಕಾಗದವಿಲ್ಲ ಅನ್ನಲಿಲ್ಲ. ಆದರೂ ಮನೆಯ ವಿಳಾಸಕ್ಕೆ ಬರೆಯಬೇಡ. ಕೆಳಗಿನ ಮನೆಯ ದರ್ಜಿಯಮ್ಮನ ವಿಳಾಸಕ್ಕೆ ಹಾಕು. ಅವಳಿಗೆ ಓದಲು ಬರುವುದಿಲ್ಲ, ಅದು ನಮ್ಮ ಪುಣ್ಯ. ಅವರು ಕಚ್ಚಾಡಲಿ ಬಿಡು. ಒಂದೇ ಮನೆಗೆ ಸೊಸೆಯರಾಗಿ ಬಂದು ಒಂದೇ ತಟ್ಟೆಯಲ್ಲಿ ಉಂಡವರು ನಾವು, ನಮಗೇನು ಪಾಲು?

ನಿನ್ನ ಅಕ್ಕ


ಫೆಬ್ರವರಿ 2, 1969

ಅಕ್ಕಾ,

ನಿಮ್ಮ ಕಾಗದಕ್ಕಿಂತ ಸಮನ್ಸೇ ಮೊದಲು ಬಂತು. ಕೋರ್ಟಿನ ಪೇದೆ ಬಂದಾಗ ಇವರು ಶೆಡ್ಡಿನಲ್ಲಿ ಎಳೆ ಕಟ್ಟುತ್ತಿದ್ದರು. ಕೈಯೆಲ್ಲ ಎಣ್ಣೆ. ಸಹಿ ಹಾಕಿದಾಗ ಪಕ್ಕದಲ್ಲಿ ಹೆಬ್ಬೆರಳೂ ಮೂಡಿತು. ‘ಸಹೀನೂ ಆಯ್ತು, ಹೆಬ್ಬೆಟ್ಟೂ ಆಯ್ತು, ನಿಮ್ಮ ಕೇಸು ಗಟ್ಟಿ ಬಿಡಿ’ ಎಂದ ಪೇದೆ. ಯಾರೂ ನಗಲಿಲ್ಲ. ಇವರು ಓದಿ, ಮಡಿಸಿ, ಕಿಟಕಿಯ ಮೇಲಿಟ್ಟು ಮತ್ತೆ ಎಳೆ ಕಟ್ಟಲು ಹೋದರು. ಊಟಕ್ಕೆ ಕೂತಾಗ ಒಂದೇ ಮಾತು ಬಂತು: ‘ನನ್ನ ಪ್ರತಿವಾದಿ ಅಂತ ಬರೆಸಿದಾನೆ. ತಮ್ಮ ಅಂತ ಎಲ್ಲೂ ಇಲ್ಲ.’

ನಮ್ಮ ವಕೀಲರು ಹೇಳಿದ್ದನ್ನು ಕೇಳಿ. ದಾವೆ ಕೊನೆ ಮುಟ್ಟಿದರೆ ಶೆಡ್ಡನ್ನು ಅಳೆದು ನಡುವೆ ಗೋಡೆ ಹಾಕುತ್ತಾರಂತೆ. ಅಕ್ಕಾ, ಆ ಶೆಡ್ಡಿಗೆ ಉದ್ದವೇ ಜೀವ. ಹಡಗಿನ ಹಗ್ಗಕ್ಕೆ ಈ ತುದಿಯಿಂದ ಆ ತುದಿಯವರೆಗೆ ಪೂರಾ ಉದ್ದ ಬೇಕು. ಹುರಿ ಏರಿದಂತೆಲ್ಲ ಹಗ್ಗ ಗಿಡ್ಡವಾಗುತ್ತದೆ, ಆ ತುದಿ ಹಿಡಿದವರು ಹೆಜ್ಜೆ ಹೆಜ್ಜೆಯಾಗಿ ಈ ಕಡೆ ಬರುತ್ತಾರೆ. ಮೊದಲು ಭಾವ ಬರುತ್ತಿದ್ದರು. ಅವರು ಅಂಗಡಿಗೆ ಹೋದ ಮೇಲೆ ನಾನು. ಅರ್ಧ ಶೆಡ್ಡಿನಲ್ಲಿ ಅರ್ಧ ಹಗ್ಗವಾಗುತ್ತದೆ ಅಂದುಕೊಂಡಿದ್ದಾರೆ ವಕೀಲರು. ಅರ್ಧ ಹಗ್ಗ ಯಾವ ಹಡಗಿಗೆ ಬೇಕು? ಎರಡನ್ನು ಜೋಡಿಸಿ ಕೊಟ್ಟರೆ ಹಡಗಿನವರು ಕೈಯಲ್ಲೂ ಮುಟ್ಟುವುದಿಲ್ಲ. ಇದು ಭಾವನಿಗೆ ಗೊತ್ತಿಲ್ಲವೇ? ಒಂದು ಸಲ ಬಂದು ಶೆಡ್ಡಿನಲ್ಲಿ ನಿಂತು ನೋಡಲು ಹೇಳಿ.

ನಮ್ಮ ಚಿಂತೆ ಮಾಡಬೇಡಿ, ನಾವು ಚೆನ್ನಾಗಿದ್ದೇವೆ. ಅಂಗಡಿಯಿಂದ ಬೇಡಿಕೆ ನಿಂತಿರುವುದರಿಂದ ಮಾಡಿದ ಹಗ್ಗ ಒಂದಿಷ್ಟು ಸುರುಳಿ ಸುತ್ತಿ ಮಲಗುವ ಕೋಣೆಯಲ್ಲೂ ಇಟ್ಟಿದ್ದೇವೆ. ಅಷ್ಟೇ.

ನಿಮ್ಮ ಚೂಟಿ


ಏಪ್ರಿಲ್ 6, 1970

ಚೂಟಿ,

ಒಂದು ವರ್ಷದಲ್ಲಿ ಎಷ್ಟು ವಾಯಿದೆ ಬಿತ್ತೋ ಆ ದೇವರಿಗೇ ಗೊತ್ತು. ಪ್ರತಿ ಸಲ ಇವರು ಬಸ್ಸು ಹತ್ತಿ ನಿಮ್ಮೂರಿಗೆ ಬರುತ್ತಾರೆ, ಲಾಡ್ಜಿನಲ್ಲಿ ಇಳಿಯುತ್ತಾರೆ, ಮುಂದಿನ ತಾರೀಖು ಹಿಡಿದುಕೊಂಡು ವಾಪಸ್ಸಾಗುತ್ತಾರೆ. ಹುಟ್ಟಿ ಬೆಳೆದ ಊರಿನಲ್ಲಿ ಲಾಡ್ಜು! ಅಲ್ಲಿ ತಿಗಣೆ ಇವೆಯಂತೆ. ತಿಗಣೆಗಾದರೂ ಇವರ ಮೇಲೆ ಹಕ್ಕಿದೆ, ತಮ್ಮನಿಗಿಲ್ಲ.

ಈಗ ಅಂಗಡಿಗೆ ಮಿಲ್ಲಿನ ಹಗ್ಗ ತರಿಸುತ್ತಾರೆ. ಮೊನ್ನೆ ನಾನು ಊಟದ ಡಬ್ಬಿ ಕೊಡಲು ಹೋದಾಗ ಒಂದು ಸುರುಳಿ ಬಿಚ್ಚಿ ಬೆರಳಾಡಿಸುತ್ತಾ ಕೂತಿದ್ದರು. ‘ಇದು ಹಗ್ಗ ಅಲ್ಲ, ಉಪ್ಪಿಲ್ಲದ ಊಟ’ ಎಂದು ಬದಿಗೆ ಎಸೆದರು. ನಾನು ಕಿವಿ ಕೇಳದವಳ ಹಾಗೆ ಡಬ್ಬಿ ಬಿಚ್ಚಿದೆ. ಇಂಥ ಗಳಿಗೆಯಲ್ಲಿ ಬಾಯಿ ಹಾಕಬಾರದು, ಹಾಕಿದರೆ ಮತ್ತೆ ಮುದುಡಿಕೊಳ್ಳುತ್ತಾರೆ.

ವಿಷಯ ಏನೆಂದರೆ, ಹೊಸ ನ್ಯಾಯಾಧೀಶರು ಒಳ್ಳೆಯವರಂತೆ. ‘ಅಣ್ಣ ತಮ್ಮ ಇಬ್ಬರೂ ಖುದ್ದಾಗಿ ಬನ್ನಿ, ರಾಜಿ ಆಗ್ತದೋ ನೋಡೋಣ’ ಎಂದು ಮೇ ತಿಂಗಳಿಗೆ ಇಟ್ಟಿದ್ದಾರೆ. ಇದೇ ಕಡೆಯ ದಾರಿ ಚೂಟಿ. ನನಗೆ ಬೇಕಾಗಿರುವುದು ಇಷ್ಟೇ: ಶೆಡ್ಡು ಹಾಗೇ ಇರಲಿ, ಅಂಗಡಿ ಹಾಗೇ ಇರಲಿ, ಮೊದಲಿನ ಹಾಗೆ ನಡೆಯಲಿ. ಇಬ್ಬರಿಗೂ ಒಳಗೊಳಗೇ ಬೇಕಾಗಿರುವುದೂ ಅದೇ. ಆದರೆ ಮೊದಲು ಬಾಯಿ ಬಿಟ್ಟವನ ಮೀಸೆ ಮಣ್ಣಾಗುತ್ತದಲ್ಲ, ಅದಕ್ಕೆ ಇಬ್ಬರೂ ತುಟಿ ಹೊಲಿದುಕೊಂಡಿದ್ದಾರೆ.

ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ನಿನ್ನವರನ್ನು ನೀನು ಮೆತ್ತಗೆ ಮಾಡಿ ಕಳಿಸು, ನನ್ನವರನ್ನು ನಾನು ಮಾಡುತ್ತೇನೆ. ಹೇಗೆ ಎಂದು ನನ್ನನ್ನು ಕೇಳಬೇಡ, ನಿನ್ನನ್ನು ನಾನೂ ಕೇಳುವುದಿಲ್ಲ. ಅವರವರ ಗಂಡನ ಕೀಲಿಕೈ ಅವರವರ ಹತ್ತಿರವೇ ಇರುತ್ತದೆ.

ನಿನ್ನ ಅಕ್ಕ


ಏಪ್ರಿಲ್ 29, 1970

ಅಕ್ಕಾ,

ಕೀಲಿ ತಿರುಗಿತು. ಹೇಗೆ ಎಂದು ನೀವು ಕೇಳುವುದಿಲ್ಲ, ನಾನೂ ಹೇಳುವುದಿಲ್ಲ. ನನಗೆ ಒಂದು ಮಾತು ಖರ್ಚಾಯಿತು, ಅಷ್ಟೇ ತಿಳಿದುಕೊಳ್ಳಿ.

ಆದರೆ ಆ ಒಂದು ಮಾತಿಗೆ ಇವರು ಹೇಗಾಗಿದ್ದಾರೆ ಎಂದು ನೀವು ನೋಡಬೇಕಿತ್ತು. ಕೋರ್ಟಿಗೆಂದು ಬಿಳಿ ಅಂಗಿಯನ್ನು ಈಗಲೇ ಇಸ್ತ್ರಿ ಮಾಡಿಸಿ ತಂದು ಮೊಳೆಗೆ ನೇತುಹಾಕಿದ್ದಾರೆ. ನಿನ್ನೆ ಎಳೆ ಕಟ್ಟುವಾಗ ಸಿಳ್ಳೆ ಹಾಕುತ್ತಿದ್ದರು. ಇವರಿಗೆ ಸಿಳ್ಳೆ ಹಾಕಲು ಬರುತ್ತದೆ ಎಂಬುದೇ ನನಗೆ ಮರೆತುಹೋಗಿತ್ತು. ಊಟದ ನಡುವೆ ಇದ್ದಕ್ಕಿದ್ದ ಹಾಗೆ ‘ಅಣ್ಣನಿಗೆ ಕೆಮ್ಮು ಇತ್ತಲ್ಲ, ಈಗ ಹೇಗಿದೆಯಂತೆ?’ ಎಂದರು. ‘ನಂಗ್ಯಾರು ಹೇಳ್ತಾರೆ?’ ಎಂದೆ. ಇವರು ಗೋಡೆಯ ಕಡೆ ತಿರುಗಿ ನಕ್ಕ ಹಾಗಿತ್ತು.

ಅಕ್ಕಾ, ಕೋರ್ಟು ಮುಗಿದ ಮೇಲೆ ಭಾವನನ್ನು ಲಾಡ್ಜಿಗೆ ಹೋಗಲು ಬಿಡುವುದಿಲ್ಲ. ಸೀದಾ ಮನೆಗೆ ಕರೆತರುತ್ತಾರೆ, ನೋಡಿ. ಮಲಗುವ ಕೋಣೆಯಿಂದ ಹಗ್ಗದ ಸುರುಳಿಗಳನ್ನೆಲ್ಲ ಹೊರಗೆ ಹಾಕಿ, ಹಾಸಿಗೆ ಬಿಸಿಲಿಗೆ ಹಾಕಿದ್ದೇನೆ.

ನಿಮ್ಮ ಚೂಟಿ


ಮೇ 16, 1970

ಅಕ್ಕನವರಿಗೆ,

ಸಮಾಧಾನವಾಯಿತೇ? ಭಾವ ಕೋರ್ಟಿನಲ್ಲಿ ಕಂಬದ ಹಾಗೆ ನಿಂತಿದ್ದರಂತೆ. ‘ಏನಾದ್ರೂ ಹೇಳೋದಿದ್ಯಾ?’ ಎಂದು ನ್ಯಾಯಾಧೀಶರು ಒಂದು ಸಲ ಅಲ್ಲ, ಎರಡು ಸಲ ಕೇಳಿದರಂತೆ. ಇವರು ಅಣ್ಣನ ಮುಖವನ್ನೇ ನೋಡಿದರಂತೆ. ಅವರ ಬಾಯಿಂದ ಒಂದು ಅಕ್ಷರ ಹೊರಡಲಿಲ್ಲ. ಕಡೆಗೆ ನ್ಯಾಯಾಧೀಶರು ‘ಹಾಗಾದ್ರೆ ಸಾಕ್ಷಿ ನಡೆಸಿ’ ಎಂದು ಮುಂದಿನ ಕೇಸು ಕೂಗಿಸಿದರಂತೆ.

ನಾನು ಭಾವನಿಗೂ ಸೇರಿಸಿ ಅಡುಗೆ ಮಾಡಿ ಬಾಗಿಲಲ್ಲಿ ನಿಂತಿದ್ದೆ. ಇವರೊಬ್ಬರೇ ಬಂದರು. ಚಪ್ಪಲಿಯನ್ನೂ ಬಿಡದೆ ಹಾಸಿಗೆಯ ಮೇಲೆ ಮಲಗಿದರು. ಎಬ್ಬಿಸಲು ಹೋದರೆ ‘ನನ್ನ ಕರೆಸಿ ಮಂಗ ಮಾಡ್ದ’ ಎಂದರು.

ನೀವು ಮೆತ್ತಗೆ ಮಾಡಿ ಕಳಿಸಿದ ಗಂಡಸು ಅವರೇ ಏನು? ನಿಮಗೆ ಆಗದಿದ್ದರೆ ಆಗುವುದಿಲ್ಲ ಎಂದು ಬರೆಯಬೇಕಿತ್ತು. ನಾನು ಇವರನ್ನು ಆಸೆ ತೋರಿಸಿ ಕಳಿಸುತ್ತಿರಲಿಲ್ಲ.

ಚೂಟಿ


ಮೇ 24, 1970

ಚೂಟಿ,

ನಿನ್ನ ಕಾಗದ ಓದಿ ಮೈಯೆಲ್ಲ ಉರಿದುಹೋಯಿತು. ನಾಲ್ಕು ದಿನ ಉತ್ತರ ಬರೆಯಲಿಲ್ಲ, ಬರೆದಿದ್ದರೆ ಆ ಕಾಗದವನ್ನು ನೀನು ಇಕ್ಕಳದಲ್ಲಿ ಹಿಡಿದು ಓದಬೇಕಾಗಿತ್ತು. ಕಂಬ ಅಂತೆ! ಇಲ್ಲಿ ನನ್ನ ಗಂಡ ಬಂದು ಹೇಳಿದ್ದೂ ಅದೇ ಮಾತು. ‘ಕೈ ಹಿಂದೆ ಕಟ್ಕೊಂಡು ನನ್ನ ಮುಖಾನೇ ನೋಡ್ತಾ ನಿಂತ. ಜಡ್ಜು ಎರಡು ಸಲ ಕೇಳಿದ್ರು. ಬಾಯಿ ಬಿಡಲಿಲ್ಲ. ನನ್ನ ಅಷ್ಟು ದೂರ ಕರೆಸಿ ಅವಮಾನ ಮಾಡ್ದ.’

ಇವತ್ತು ಬೆಳಿಗ್ಗೆ ಪಾತ್ರೆ ತೊಳೆಯುತ್ತಾ ಇದ್ದವಳು ಹಾಗೇ ನಿಂತೆ. ನಿನ್ನವರು ‘ಕರೆಸಿ’ ಅಂದರು, ನನ್ನವರೂ ‘ಕರೆಸಿ’ ಅಂದರು. ಇಬ್ಬರನ್ನೂ ಯಾರು ಕರೆಸಿದರು ಚೂಟಿ? ಕೋರ್ಟು ಕರೆಸಿತು. ಅಷ್ಟೇ ಆಗಿದ್ದರೆ ಅವಮಾನ ಹೇಗಾಗುತ್ತಿತ್ತು?

ನಾನು ಮಾಡಿದ್ದನ್ನು ಹೇಳಿಬಿಡುತ್ತೇನೆ. ‘ನಿಮ್ಮ ತಮ್ಮ ಸೋತಿದಾನೆ, ಕೋರ್ಟಲ್ಲಿ ಎಲ್ಲರೆದುರಿಗೆ ಅವನೇ ಮೊದಲು ಮಾತಾಡ್ತಾನಂತೆ, ಅಣ್ಣ ಹೇಳಿದ ಹಾಗೆ ಅಂತಾನಂತೆ. ನೀವು ಸುಮ್ನೆ ನಿಂತ್ಕೊಳ್ಳಿ, ಅವನು ಅಂದ ಮೇಲೆ ಹೂಂ ಅನ್ನಿ, ಸಾಕು’ ಎಂದು ಇವರಿಗೆ ಹೇಳಿದ್ದೆ. ಯಾರು ಹೇಳಿದರು ಎಂದು ಕೇಳಿದರು. ದರ್ಜಿಯಮ್ಮನ ನೆಂಟರು ಆ ಊರಿನವರು ಎಂದೆ.

ನೀನು ಖರ್ಚು ಮಾಡಿದ ಆ ಒಂದು ಮಾತು ಯಾವುದು?

ಅಕ್ಕ


ಅಕ್ಟೋಬರ್ 11, 1971

ಅಕ್ಕಾ,

ಒಂದೂವರೆ ವರ್ಷ ನಾನು ಉತ್ತರ ಬರೆಯಲಿಲ್ಲ. ಏನು ಬರೆಯಲಿ? ನೀವು ಕೇಳಿದ್ದಕ್ಕೆ ಉತ್ತರ: ಅದೇ ಮಾತು. ಅಣ್ಣನೇ ಮೊದಲು ಮಾತಾಡುತ್ತಾರಂತೆ, ದಾವೆ ಹಿಂದಕ್ಕೆ ತೆಗೆದುಕೊಳ್ಳುತ್ತಾರಂತೆ, ನೀವು ಸುಮ್ಮನೆ ಕಾದುಕೊಂಡಿರಿ ಎಂದೆ. ನಿಮಗೆ ದರ್ಜಿಯಮ್ಮನ ನೆಂಟರು ಸಿಕ್ಕರು, ನನಗೆ ಅಂಚೆಯವನ ಷಡ್ಡಕ ಸಿಕ್ಕ. ಇಬ್ಬರನ್ನೂ ಬಾಯಿಗೆ ಬೀಗ ಹಾಕಿ ಕಳಿಸಿದವರು ನಾವೇ.

ತೀರ್ಪು ಆಗಿದ್ದು ನಿಮಗೆ ಗೊತ್ತೇ ಇದೆ. ಶೆಡ್ಡು ಅರ್ಧ ಅರ್ಧ, ಅಂಗಡಿ ಅರ್ಧ ಅರ್ಧ. ಕೋರ್ಟು ಕಳಿಸಿದ ಕಮಿಷನರು ಅಳೆಯಲು ಬಂದ ದಿನ ಭಾವನೂ ಬಂದಿದ್ದರು. ಕಮಿಷನರ ಟೇಪು ಗಿಡ್ಡ, ಶೆಡ್ಡು ಉದ್ದ. ‘ಒಂದು ಹಗ್ಗ ಕೊಡ್ರಪ್ಪಾ’ ಎಂದರು. ಇವರು ಒಳಗೆ ಹೋಗಿ ಇದ್ದುದರಲ್ಲಿ ಒಳ್ಳೆಯದನ್ನೇ ತಂದರು. ಕಮಿಷನರ ಕಡೆ ಆಳು ಒಬ್ಬನೇ ಇದ್ದ, ಅವನು ಸುಣ್ಣದ ಬುಟ್ಟಿ ಹಿಡಿದಿದ್ದ. ಹಾಗಾಗಿ ಈ ತುದಿಯನ್ನು ಇವರು ಹಿಡಿದರು, ಆ ತುದಿಯನ್ನು ಭಾವ ಹಿಡಿದರು. ಹಗ್ಗ ನಡುವೆ ಜೋತು ಬಿದ್ದಿತ್ತು. ಇವರು ಸ್ವಲ್ಪ ಎಳೆದರು. ಆ ಕಡೆಯಿಂದ ಭಾವನೂ ಅಷ್ಟೇ ಎಳೆದರು. ಹಗ್ಗ ಸರಿಯಾಗಿ ಬಿಗಿಯಾಯಿತು. ಕಮಿಷನರು ಮಧ್ಯಕ್ಕೆ ಬಂದು ಸುಣ್ಣ ಹಾಕಿಸಿದರು. ನಾನು ಚಹಾ ತಂದಿಟ್ಟೆ. ಭಾವ ಲೋಟದ ಕಡೆ ನೋಡಿ, ಆಮೇಲೆ ಇವರ ಕಡೆ ನೋಡಿದರು. ಇವರು ಕುಡಿಯಿರಿ ಅನ್ನಲಿಲ್ಲ. ಅವರು ಕುಡಿಯಲಿಲ್ಲ.

ಈಗ ಗೋಡೆ ಎದ್ದಿದೆ. ಆ ಅರ್ಧಕ್ಕೆ ನಿಮ್ಮ ಬೀಗ. ಅಲ್ಲಿ ಅಂಗಡಿಯ ಅರ್ಧಕ್ಕೆ ನಮ್ಮ ಬೀಗ. ಮಾವನವರು ಬಿಟ್ಟುಹೋದ ಆಸ್ತಿಯಲ್ಲಿ ಹೊಸದಾಗಿ ಸೇರಿದ್ದು ಎರಡು ಬೀಗ. ಇವರು ಬಟ್ಟೆ ಒಣಹಾಕುವ ಹಗ್ಗ, ಬಾವಿಯ ಹಗ್ಗ ಮಾಡುತ್ತಿದ್ದಾರೆ. ಬಂದವರಿಗೆಲ್ಲ ಹೇಳುವುದು ಒಂದೇ: ‘ಆಸ್ತಿ ಹೋಗ್ಲಿ, ನನ್ನಣ್ಣ ಮಾತು ಕೊಟ್ಟು ತಪ್ಪಿದ.’ ಪ್ರತಿ ಸಲ ನಾನು ಪಕ್ಕದಲ್ಲೇ ಇರುತ್ತೇನೆ. ಭಾವ ಮಾತು ಕೊಟ್ಟಿರಲೇ ಇಲ್ಲ ಎಂದು ನಾನು ಹೇಗೆ ಹೇಳಲಿ ಅಕ್ಕಾ?

ಚೂಟಿ


ಜನವರಿ 9, 1972

ಚೂಟಿ,

ನಿನ್ನ ಭಾವನಿಗೆ ಲಕ್ವ ಹೊಡೆದಿದೆ. ಅಂಗಡಿಯಲ್ಲಿ ಕೂತಿದ್ದವರು ಹಾಗೇ ಪಕ್ಕಕ್ಕೆ ವಾಲಿದರಂತೆ, ಗುಮಾಸ್ತ ಗಾಡಿ ಮಾಡಿಕೊಂಡು ಕರೆತಂದ. ಬಲಗಡೆ ಸ್ವಾಧೀನವಿಲ್ಲ. ಮಾತು ಹೋಗಿದೆ. ಏನೋ ಅನ್ನುತ್ತಾರೆ, ನಾನು ನೀರು ತಂದರೆ ಅದಲ್ಲ ಎಂದು ತಲೆ ಆಡಿಸುತ್ತಾರೆ, ಕಂಬಳಿ ತಂದರೂ ತಲೆ ಆಡಿಸುತ್ತಾರೆ. ಕಡೆಗೆ ನಾನೇ ‘ತಮ್ಮನಾ?’ ಎಂದೆ. ಎಡಗೈಯಿಂದ ನನ್ನ ಕೈ ಹಿಡಿದುಕೊಂಡರು. ಮದುವೆಯಾಗಿ ಇಷ್ಟು ವರ್ಷಕ್ಕೆ ಅವರಾಗಿ ನನ್ನ ಕೈ ಹಿಡಿದದ್ದು ಕಡಿಮೆ. ಅದೂ ತಮ್ಮನಿಗೋಸ್ಕರ.

ನಾನು ಕೂತು ಎಲ್ಲವನ್ನೂ ಹೇಳಿದೆ. ಅವನು ಮೊದಲು ಮಾತಾಡುತ್ತಾನೆ ಎಂದದ್ದು ಸುಳ್ಳು, ನಾನು ಕಟ್ಟಿದ್ದು, ಅವನು ನಿಮ್ಮನ್ನು ಕರೆಸಿ ಅವಮಾನ ಮಾಡಲಿಲ್ಲ, ಅವನೂ ನಿಮ್ಮ ಹಾಗೆಯೇ ಕಾಯುತ್ತಾ ನಿಂತಿದ್ದ ಎಂದೆ. ಕಣ್ಣು ಮುಚ್ಚಿಕೊಂಡರು. ಸಿಟ್ಟೋ, ಆಯಾಸವೋ, ನನಗೆ ತಿಳಿಯಲಿಲ್ಲ.

ಈಗ ನಿನ್ನ ಸರದಿ. ನಿನ್ನ ಗಂಡನಿಗೆ ನಿಜ ಹೇಳು. ಅವನು ಬಂದು ಒಂದು ಗಳಿಗೆ ಈ ಮಂಚದ ಪಕ್ಕ ಕೂತರೆ ಸಾಕು. ಡಾಕ್ಟರು ‘ಹೇಳಕ್ಕಾಗಲ್ಲಮ್ಮ’ ಅನ್ನುತ್ತಾರೆ. ಡಾಕ್ಟರುಗಳು ಹಾಗೆ ಅಂದರೆ ಅರ್ಥವೇನೆಂದು ನಿನಗೆ ಬಿಡಿಸಿ ಹೇಳಬೇಕಾಗಿಲ್ಲ.

ನಿನ್ನ ಅಕ್ಕ


ಫೆಬ್ರವರಿ 3, 1972

ಅಕ್ಕಾ,

ನಿಮ್ಮ ಕಾಗದ ನೋಡಿ ಬಾವಿಯ ಹತ್ತಿರ ಕೂತು ಅತ್ತೆ. ಭಾವನ ಕಾಲಿಗೆ ಎಣ್ಣೆ ಬಿಸಿ ಮಾಡಿ ತಿಕ್ಕುತ್ತಿರಿ. ಮಲಗಿದಲ್ಲೇ ಮಲಗಿಸಬೇಡಿ, ಮಗ್ಗುಲು ಬದಲಿಸುತ್ತಿರಬೇಕು, ಇಲ್ಲವಾದರೆ ಬೆನ್ನು ಹುಣ್ಣಾಗುತ್ತದೆ.

ಭಾವನಿಗೆ ಹುಷಾರಿಲ್ಲವೆಂದು ಇವರಿಗೆ ಹೇಳಿದೆ. ಕೆಲಸ ನಿಲ್ಲಿಸಿದರು. ‘ಕರೆದಿದಾನಾ?’ ಎಂದರು. ಕರೆದಿದ್ದಾರೆ ಎಂದೆ. ‘ಯಾರು ಹೇಳಿದ್ರು? ಹೋದ ಸಲಾನೂ ಯಾರೋ ಹೇಳಿದ್ರು’ ಎಂದು ಮತ್ತೆ ಚಕ್ರ ತಿರುಗಿಸತೊಡಗಿದರು. ನಾನು ಒಳಗೆ ಹೋಗಿ ಒಲೆ ಹಚ್ಚಿದೆ.

ಇನ್ನೊಂದು ಮಾತು ನಿಮಗಲ್ಲದೆ ಯಾರಿಗೆ ಹೇಳಲಿ? ಅಣ್ಣನೂ ಬಿಟ್ಟ, ಕೋರ್ಟೂ ಕೈಬಿಟ್ಟಿತು, ಆಳುಗಳೂ ಬಿಟ್ಟು ಹೋದರು. ಇವರು ಈಗ ನಂಬಿರುವುದು ನನ್ನೊಬ್ಬಳನ್ನು. ‘ನೀನೊಬ್ಬಳು ನಂಗೆ ಸುಳ್ಳು ಹೇಳಲ್ಲ’ ಎಂದು ಮೊನ್ನೆಯೂ ಅಂದರು. ಆ ಮಾತಿನ ಮೇಲೆ ಇವರು ಬದುಕಿದ್ದಾರೆ, ಅದನ್ನು ಹೇಗೆ ಕಿತ್ತುಕೊಳ್ಳಲಿ? ನಾನು ಹೇಳುತ್ತೇನೆ, ಖಂಡಿತ ಹೇಳುತ್ತೇನೆ. ನನಗೆ ಸ್ವಲ್ಪ ದಿನ ಕೊಡಿ.

ನಿಮ್ಮ ಚೂಟಿ


ಮಾರ್ಚ್ 2, 1972

ಚೂಟಿ,

ದಿನ ಕೊಡಿ ಅನ್ನುತ್ತೀಯಲ್ಲ, ದಿನ ನನ್ನ ಹತ್ತಿರ ಇದೆಯೇ ಕೊಡಲು?

ಮಂಚವನ್ನು ಬಾಗಿಲು ಕಾಣುವ ಹಾಗೆ ತಿರುಗಿಸಿಕೊಟ್ಟಿದ್ದೇನೆ, ಅವರೇ ಕೈ ತೋರಿಸಿ ತಿರುಗಿಸಿಕೊಂಡರು. ಹಾಲಿನವನು ಬಂದರೂ ಕತ್ತು ಎತ್ತುತ್ತಾರೆ, ಗುಮಾಸ್ತ ಬಂದರೂ ಎತ್ತುತ್ತಾರೆ. ಆಮೇಲೆ ಕತ್ತು ದಿಂಬಿಗೆ ಹೋಗುತ್ತದೆ. ಅದನ್ನು ನೋಡಲು ನನ್ನ ಕೈಯಲ್ಲಿ ಆಗುವುದಿಲ್ಲ, ಅದಕ್ಕೇ ಬಾಗಿಲು ಸದ್ದಾದಾಗಲೆಲ್ಲ ಅಡುಗೆಮನೆಗೆ ಹೋಗಿಬಿಡುತ್ತೇನೆ.

ನಿನ್ನ ಸಂಸಾರ ಉಳಿಯಬೇಕು, ಒಪ್ಪಿದೆ. ನನ್ನದನ್ನೂ ಸ್ವಲ್ಪ ನೋಡು. ಇದಕ್ಕಿಂತ ಹೆಚ್ಚು ಬೇಡಲು ನನಗೆ ಬರುವುದಿಲ್ಲ.

ಅಕ್ಕ


ಮಾರ್ಚ್ 18, 1972

ಚೂಟಿ,

ನಿನ್ನ ಭಾವ ಮೊನ್ನೆ ಬೆಳಿಗ್ಗೆ ಹೋದರು. ಎಲ್ಲ ಮುಗಿಯಿತು. ಅಕ್ಕಪಕ್ಕದವರು ಬಂದಿದ್ದರು, ಬಂದರಿನ ಬೀದಿಯ ಅಂಗಡಿಯವರು ಅರ್ಧ ದಿನ ಬಾಗಿಲು ಹಾಕಿದ್ದರು. ಹೊರುವವರಲ್ಲಿ ಮುಂದೆ ಯಾರು ನಿಲ್ಲಬೇಕು ಎಂದು ಕೇಳಿದರು. ತಮ್ಮ ಇದ್ದಾನಲ್ಲ, ಎಂದು ಯಾರೋ ಅಂದರು. ಗುಮಾಸ್ತ ಸುಮ್ಮನೆ ಬಂದು ಹೆಗಲು ಕೊಟ್ಟ.

ತಂತಿ ಕೊಡಲಿಲ್ಲ. ಬೇಕೆಂದೇ ಕೊಡಲಿಲ್ಲ. ತಂತಿ ಆಫೀಸಿನ ಮೆಟ್ಟಿಲವರೆಗೆ ಗುಮಾಸ್ತನನ್ನು ಕಳಿಸಿ, ಓಡಿಹೋಗಿ ವಾಪಸ್ಸು ಕರೆದೆ. ಎರಡು ತಿಂಗಳು ಬಾಗಿಲು ನೋಡುತ್ತಾ ಮಲಗಿದ್ದವರಿಗೆ ಬರದವನು ಹೆಣಕ್ಕೆ ಬರುವುದು ಬೇಡ ಎನ್ನಿಸಿತು. ಅದು ನನ್ನ ಸಿಟ್ಟು. ಇವತ್ತು ಆ ಸಿಟ್ಟೂ ಇಲ್ಲ. ಮನೆ ಗುಡಿಸಿದೆ, ಅವರ ಔಷಧಿಯ ಸೀಸೆಗಳನ್ನು ತೊಳೆದು ಬೋರಲು ಹಾಕಿದೆ, ಮಾಡಲು ಇನ್ನೇನೂ ತೋಚದೆ ಈ ಕಾಗದ ಬರೆಯುತ್ತಿದ್ದೇನೆ.

ಇನ್ನು ನಿನ್ನ ಗಂಡನಿಗೆ ಏನೂ ಹೇಳಬೇಡ ಚೂಟಿ. ನಿನ್ನನ್ನು ಹಂಗಿಸುತ್ತಿಲ್ಲ, ನಿಜವಾಗಿ ಹೇಳುತ್ತಿದ್ದೇನೆ. ಹೇಳಿ ಈಗ ಯಾರಿಗೆ ಏನಾಗಬೇಕಾಗಿದೆ? ಅಣ್ಣ ಮಾತಿಗೆ ತಪ್ಪಿದ ಎಂದು ಅಂದುಕೊಂಡರೆ ಸಿಟ್ಟಿನಲ್ಲಾದರೂ ಅವನು ನಿದ್ದೆ ಮಾಡುತ್ತಾನೆ. ತಪ್ಪಿರಲಿಲ್ಲ ಎಂದು ಗೊತ್ತಾದರೆ ಅವನಿಗೆ ಈ ಜನ್ಮದಲ್ಲಿ ನಿದ್ದೆ ಬರುವುದಿಲ್ಲ. ಒಬ್ಬರಾದರೂ ಗಂಡನ ನಂಬಿಕೆ ಉಳಿಸಿಕೊಂಡು ಬಾಳೋಣ. ನೀನು ಬಾಳು.

ನಿನ್ನ ಅಕ್ಕ


ಮಾರ್ಚ್ 19, 1972

ಅಕ್ಕಾ,

ಹೇಳಿಬಿಟ್ಟೆ.

ಮಂಚ ಬಾಗಿಲ ಕಡೆ ತಿರುಗಿಸಿದ್ದೇನೆ ಎಂದು ನೀವು ಬರೆದ ಮೇಲೆ ಬೇರೆ ಕಾಗದ ಬಂದಿಲ್ಲ, ಇನ್ನು ತಡೆಯಲಾಗಲಿಲ್ಲ. ಇವತ್ತು ಬೆಳಿಗ್ಗೆ ಇವರು ಚಕ್ರಕ್ಕೆ ಎಣ್ಣೆ ಬಿಡುತ್ತಿದ್ದರು. ನಾನು ಹೋಗಿ ಗೋಡೆಗೆ ಒರಗಿ ನಿಂತು ಒಂದೇ ಉಸಿರಿನಲ್ಲಿ ಹೇಳಿಬಿಟ್ಟೆ. ಭಾವ ಮಾತು ಕೊಟ್ಟಿರಲೇ ಇಲ್ಲ, ಅಂಚೆಯವನ ಷಡ್ಡಕ ಏನೂ ಹೇಳಿರಲಿಲ್ಲ, ನಾನು ಕಟ್ಟಿದ್ದು, ಅಕ್ಕನೂ ಆ ಕಡೆ ಅದನ್ನೇ ಕಟ್ಟಿದ್ದರು ಎಂದೆ. ಹೊಡೆಯುತ್ತಾರೋ, ಮನೆ ಬಿಟ್ಟು ಹೋಗು ಅನ್ನುತ್ತಾರೋ ಎಂದು ಕಾದೆ. ಇವರು ಎಣ್ಣೆಯ ಡಬ್ಬಿ ಕೆಳಗಿಟ್ಟು, ಕೈ ಒರೆಸಿಕೊಂಡು ‘ಗೊತ್ತಿತ್ತು’ ಎಂದರು.

ಯಾವಾಗಿನಿಂದ ಎಂದೆ. ‘ನೀನು ಹೇಳ್ದಾಗ್ಲೇ. ಅಣ್ಣ ಹುಟ್ಟಿದಾಗಿಂದ ಮೊದಲು ಮಾತಾಡಿದೋನಲ್ಲ. ಅಪ್ಪ ಹೊಡೆದ್ರೂ ಮಾತಾಡ್ತಿರಲಿಲ್ಲ. ಅವನು ಕೋರ್ಟಲ್ಲಿ ಎಲ್ಲರೆದುರಿಗೆ ಮೊದಲು ಬಾಯಿ ಬಿಡ್ತಾನಾ?’ ಎಂದರು. ಹಾಗಾದರೆ ಅಂಗಿ ಇಸ್ತ್ರಿ ಮಾಡಿಸಿಕೊಂಡು ಹೋದದ್ದೇಕೆ? ‘ನಾನೇ ಹೇಳೋಣ ಅಂತ ಹೋದೆ. ಜಡ್ಜು ಕೇಳಿದ್ರು. ಎಲ್ಲಾ ತಿರುಗಿ ನೋಡಿದ್ರು. ಸೋತವನ ಹಾಗೆ ಕಾಣ್ತೀನೇನೋ ಅನ್ನಿಸ್ತು. ಇನ್ನೊಂದು ಸಲ ಕೇಳಲಿ ಅಂತ ಕಾದೆ. ಎರಡನೇ ಸಲಾನೂ ಕೇಳಿದ್ರು. ನಾಲಿಗೆ ಏಳಲಿಲ್ಲ.’

ಎಣ್ಣೆಯ ಡಬ್ಬಿಗೆ ಮುಚ್ಚಳ ಹಾಕಿ, ‘ಮನೆಗೆ ಬಂದ ಮೇಲೆ ನಿನ್ನ ಸುಳ್ಳೇ ನಂಗೆ ಅನುಕೂಲ ಆಯ್ತು. ಅಣ್ಣ ಮಾತಿಗೆ ತಪ್ಪಿದ ಅಂತ ಹೇಳ್ಕೊಂಡು ತಿರುಗೋದು ಸುಲಭ. ನಂಗೆ ಧೈರ್ಯ ಸಾಲಲಿಲ್ಲ ಅಂತ ಯಾರಿಗೆ ಹೇಳ್ಲಿ? ನೀನೊಬ್ಬಳು ಸುಳ್ಳು ಹೇಳಲ್ಲ ಅಂದಿದ್ದೂ ನೀನೇ ಮೊದಲು ಹೇಳ್ಲಿ ಅಂತ’ ಎಂದರು.

ಅಕ್ಕಾ, ನಾವಿಬ್ಬರೂ ಎರಡು ವರ್ಷ ಹೊತ್ತು ತಿರುಗಿದ ಭಾರ ನಮ್ಮದಾಗಿರಲೇ ಇಲ್ಲ. ಕೇಳಿ ನನಗೆ ಹಗುರವಾಗಬೇಕಿತ್ತು. ಹಗುರವಾಗಲಿಲ್ಲ, ಇವರ ಮೇಲೆ ಕೆಟ್ಟ ಸಿಟ್ಟು ಬಂತು. ಗೊತ್ತಿದ್ದೂ ಗೋಡೆ ಹಾಕಿಸಿಕೊಂಡಿರಲ್ಲ ಎಂದು ಬಾಯಿಗೆ ಬಂದ ಹಾಗೆ ಬೈದೆ. ಬೈಸಿಕೊಂಡರು. ಬೈದು ಮುಗಿದ ಮೇಲೆ ‘ಬಸ್ಸು ಎಷ್ಟೊತ್ತಿಗೆ?’ ಎಂದು ಕೇಳಿದರು. ಈಗ ನಾಲ್ಕು ದಿನಕ್ಕಾಗುವ ಬಟ್ಟೆ ತುಂಬಿಕೊಳ್ಳುತ್ತಿದ್ದಾರೆ. ಅಣ್ಣ ಏಳುವವರೆಗೆ ಅಲ್ಲೇ ಇರುತ್ತಾರಂತೆ, ಅಂಗಡಿ ನೋಡಿಕೊಳ್ಳುತ್ತಾರಂತೆ, ಮಗ್ಗುಲು ಬದಲಿಸಲು ಅತ್ತಿಗೆ ಒಬ್ಬರಿಂದ ಆಗುವುದಿಲ್ಲವಂತೆ. ನಿಮಗೆ ಬರೆದ ಬುದ್ಧಿವಾದವೆಲ್ಲ ಇವರಿಗೆ ಹೇಗೆ ಗೊತ್ತು ಎಂದು ನಾನು ಬಾಯಿ ಬಿಟ್ಟೆ. ‘ಆ ದರ್ಜಿಯಮ್ಮನ ವಿಳಾಸ ಬರೆದು ನೀನು ವರ್ಷಗಟ್ಟಲೆ ಏನು ಹೊಲಿಸ್ತಿದೀಯ ಅಂತ ನಂಗೆ ಗೊತ್ತಾಗಲ್ವಾ? ಹೋದ ತಿಂಗಳದ್ದು ಓದಿದೆ’ ಎಂದರು. ಈ ಕಾಗದವನ್ನೂ ಇವರೇ ತರುತ್ತಾರೆ, ಅಂಚೆಗೆ ಹಾಕಬೇಡ ಎಂದು ಕೈಚೀಲದಲ್ಲಿ ಜಾಗ ಮಾಡಿಕೊಂಡಿದ್ದಾರೆ.

ಬಸ್ಸಿನಲ್ಲಿ ಕೂತು ಏನು ಹೇಳುವುದೆಂದು ಯೋಚನೆ ಮಾಡುತ್ತಾರಂತೆ. ನಾನು ಹೇಳಿದೆ, ಯೋಚನೆ ಮಾಡಬೇಡಿ, ಮಾಡಿದರೆ ಮತ್ತೆ ನಾಲಿಗೆ ಏಳುವುದಿಲ್ಲ, ‘ಅಣ್ಣಾ, ಬಂದೆ’ ಅನ್ನಿ, ಸಾಕು ಎಂದೆ. ಅದನ್ನೇ ಎರಡು ಸಲ ಮೆಲ್ಲಗೆ ಅಂದು ನೋಡಿಕೊಂಡರು.

ಇವರು ಬಂದಾಗ ಈ ಕಾಗದ ಓದುತ್ತಾ ಬಾಗಿಲಲ್ಲೇ ನಿಲ್ಲಿಸಿಕೊಳ್ಳಬೇಡಿ ಅಕ್ಕಾ, ಆಮೇಲೆ ಓದಿಕೊಳ್ಳಿ. ಏನೂ ಕೇಳಬೇಡಿ, ಚಹಾನೂ ಆಮೇಲೆ. ಸೀದಾ ಒಳಗೆ ಭಾವನ ಹತ್ತಿರ ಕರೆದುಕೊಂಡು ಹೋಗಿ ಕೂರಿಸಿ. ಭಾವನಿಗೆ ಮಾತು ಬರುವುದಿಲ್ಲ ಎಂದು ನಿಮಗೆ ಸಂಕೋಚ ಬೇಡ. ಈ ಸಲ ಅವರು ಏನೂ ಹೇಳಬೇಕಾಗಿಲ್ಲ, ಕೇಳಿಸಿಕೊಂಡರೆ ಸಾಕು. ಮೊದಲು ಇವರೇ ಮಾತಾಡುತ್ತಾರೆ.

ನಿಮ್ಮ ಚೂಟಿ